ಜರ್ಮನ್ ನಟಿಗೆ ನನ್ನ ದನಿ

ಇನ್ನೊಬ್ಬರ ಮಾತು ಹೇಳಲು ಹೋದವರಿಗೆ ಇಂಥ ಫಜೀತಿಗಳು ಆಗುತ್ತಲೇ ಇರುತ್ತವೆ. ನನಗೆ ಆದದ್ದು ಒಬ್ಬ ಜರ್ಮನ್ ನಟಿಯಿಂದ.

ಎಪ್ಪತ್ತರ ದಶಕದಲ್ಲಿ ನಾನು ಖಾನಾಪುರದ ಸಾಲೆಯಲ್ಲಿ ಟೀಚರ್. ಮದುವೆಯಾಗಿರಲಿಲ್ಲ. ಸ್ಟೇಶನ್ ಹತ್ತಿರ ಒಂದು ಬಾಡಿಗೆ ಖೋಲಿ. ಪುಣೆಯಲ್ಲಿ ಓದುವಾಗ ಕಲಿತ ಜರ್ಮನ್ ಭಾಷೆಗೆ ಇಲ್ಲಿ ಗಿರಾಕಿಯೇ ಇರಲಿಲ್ಲ. ಪರದೇಶದ ಸಿನಿಮಾ ತರಿಸಿ ತೋರಿಸುವ ಬೆಳಗಾವಿಯ ಚಿತ್ರಸಮಾಜದವರಿಗೆ ಅದು ಹೇಗೋ ಗೊತ್ತಾಯಿತು. ಅವರಿಗೆ ಬರುತ್ತಿದ್ದ ಜರ್ಮನ್ ಚಿತ್ರಗಳಲ್ಲಿ ಹೆಚ್ಚಿನವು ಈ ನಟಿಯವೇ. ಪರದೆಯ ಬಾಜೂಕೆ ಮೈಕ್ ಹಿಡಿದು ನಿಂತು, ಎಲ್ಲರ ಮಾತನ್ನೂ ನಾನೊಬ್ಬಳೇ ಕನ್ನಡದಲ್ಲಿ ಹೇಳಬೇಕು.

ಸಾಲೆ ಬಿಟ್ಟರೆ ವಾರವಿಡೀ ನನ್ನೊಂದಿಗೆ ಮಾತಾಡುವವರಿರಲಿಲ್ಲ. ಪರದೆಯಲ್ಲಿ ಆಕೆ ತುಟಿ ತೆರೆದರೆ ನನಗೂ ಮಾತು. ಒಂಟಿತನ ಎನ್ನಲು ಆಗ ನಾಚಿಕೆಯಾಗುತ್ತಿತ್ತು, ಈಗ ಆಗುವುದಿಲ್ಲ.

ಬಿಟ್ಟ ಗಂಡ

ಮೊದಲ ಚಿತ್ರದಲ್ಲಿ ಆಕೆ ಜಗಳ ತೆಗೆದು ಗಂಡನನ್ನು ಬಿಟ್ಟು ಹೋಗುತ್ತಾಳೆ. ಮರುದಿನ ಖಾನಾಪುರದ ಬಸ್ಸಿನಲ್ಲಿ ಕಂಡಕ್ಟರ್ ನನ್ನ ದನಿ ಕೇಳಿದ್ದೇ ಗುರುತು ಹಿಡಿದ. ಅವನೂ ಚಿತ್ರ ನೋಡಿದ್ದನಂತೆ.

“ಅಕ್ಕೋರ, ನೀವು ಗಂಡನ್ನ ಬಿಟ್ಟು ಹೊಂಟಿದ್ದು ನನಗ ಸೇರಲಿಲ್ಲ ನೋಡ್ರಿ.”

“ನನಗ ಗಂಡನ ಇಲ್ಲಪ್ಪಾ,” ಎಂದೆ.

“ಬಿಟ್ಟ ಮ್ಯಾಲ ಎಲ್ಲಿಂದ ಇರ್ತಾನ್ರೀ?”

ಇಡೀ ಬಸ್ಸು ಹೌದೆಂದು ತಲೆಯಾಡಿಸಿತು. ಬಾಜೂಕೆ ಕೂತಿದ್ದ ಹೆಂಗಸು ತುಸು ಸರಿದು ಕೂತಳು. ನಾನು ಇಳಿಯುವ ಮೊದಲೇ ಸುದ್ದಿ ಇಳಿದು ಊರು ಸೇರಿತ್ತು.

ಸತ್ತ ಮೇಲೂ ಮಾತು

ವರ್ಷಗಳು ಕಳೆದವು. ಆಕೆಗೆ ತಾಯಿಯ ಪಾತ್ರಗಳು ಬರತೊಡಗಿದವು, ನನ್ನ ತಲೆಯಲ್ಲೂ ಬಿಳಿಗೂದಲು. ಒಂದು ಚಿತ್ರದಲ್ಲಂತೂ ಆಕೆ ಅರ್ಧಕ್ಕೇ ತೀರಿಹೋದಳು. ನಾನು ಮಕ್ಕಳ ಮಾತು ಹೇಳುತ್ತ ಮುಂದುವರಿದೆ. ಮೊದಲ ಸಾಲಿನ ಯಜಮಾನರೊಬ್ಬರು ಎದ್ದು ನಿಂತರು.

“ಅಕ್ಕೋರ, ನಿಮ್ಮದು ಮುಗದೈತಿ. ಕುಂದರ್ರಿ.”

ಹೋಗಿ ಹಿಂದಿನ ಸಾಲಿನಲ್ಲಿ ಕೂತೆ. ನನ್ನ ಬಾಜೂಕಿನ ಕುರ್ಚಿಯಲ್ಲಿ ನನ್ನದೇ ಚೀಲ. ಉಳಿದ ಚಿತ್ರ ಯಾರಿಗೂ ತಿಳಿಯಲಿಲ್ಲ. ಆದರೂ ಹೋಗುವಾಗ ಎಲ್ಲರೂ ನನ್ನ ಬಳಿ ಬಂದು, ಸಾವು ಬಹಳ ಛಲೋ ಆತು ಎಂದು ಹೊಗಳಿದರು.

ಮಾತಿಲ್ಲದ ಚಿತ್ರ

ಎಂಬತ್ತರ ದಶಕದಲ್ಲಿ ಪಾತ್ರಗಳು ಸಿಗದಾಗ ಆಕೆ ತಾನೇ ಚಿತ್ರ ನಿರ್ದೇಶಿಸತೊಡಗಿದಳು. ಅದರಲ್ಲೊಂದನ್ನು ಸಮಾಜದವರು ನಮ್ಮ ಸಾಲೆಯಲ್ಲೇ ತೋರಿಸಿದರು. ಬಟ್ಟೆ ವ್ಯಾಪಾರಿಗಳಾದ ಅಧ್ಯಕ್ಷರು ಪೀಠಿಕೆ ಹಾಕಿದರು: “ಈ ಸಿನಿಮಾ ತಗದಾಕಿನೂ ಆಕಿನ, ನಟನಾ ಮಾಡಿದಾಕಿನೂ ಆಕಿನ.”

ಹೆಂಗಸರ ಕಡೆಯಿಂದ ಒಬ್ಬ ಅಜ್ಜಿ ಕೇಳಿದಳು, “ಪಾಪ, ಮನ್ಯಾಗ ಕೈಗೂಡಸಾಕ ಯಾರೂ ಇಲ್ಲೇನ್ರಿ?”

ಚಿತ್ರ ಸುರುವಾಯಿತು. ಆಕೆ ಮನೆಗೆ ಬಂದಳು, ಬಾಗಿಲು ಹಾಕಿದಳು, ಮೇಜಿನ ಮುಂದೆ ಊಟಕ್ಕೆ ಕೂತಳು. ಮಾತೇ ಇಲ್ಲ. ನಾನು ಸುಮ್ಮನೆ ನಿಂತಿದ್ದೆ. ಜನ ಗುಸುಗುಸು ಎಂದರು. ಮೈಕ್ ಕೆಟ್ಟಿದೆಯೇ ಎಂದು ಯಾರೋ ಕೂಗಿದರು. ಅಧ್ಯಕ್ಷರು ಕತ್ತಲಲ್ಲೇ, ಏನಾದರೂ ಹೇಳಿರೆಂದು ಕೈಸನ್ನೆ ಮಾಡಿದರು.

ಹೇಳಿದೆ. “ಮುಂಜಾನಿ ಅನ್ನನ ರಾತ್ರಿಗೂ ಐತಿ. ಒಬ್ಬಾಕಿಗೆ ಎಷ್ಟಂತ ಮಾಡೂದು? ಉಂಡ್ಯಾ ಅಂತ ಕೇಳಾವ್ರಿಲ್ಲ. ರೇಡಿಯೋ ಹಚ್ಚಿ ಉಣ್ತೀನಿ, ಮನ್ಯಾಗ ಯಾರೋ ಅದಾರ ಅನಸ್ತೈತಿ.”

ಗದ್ದಲ ನಿಂತಿತು. ಆಕೆ ಕಿಟಕಿಗೆ ಹೋದಳು. ನಾನು ಮೈಕಿನಲ್ಲೇ ಸ್ಟೇಶನ್ನಿನಲ್ಲಿ ಇಳಿಯುವವರನ್ನು ಎಣಿಸಿದೆ. ಆಕೆ ಮಲಗಿದಳು, ನಾನು ಬಾಗಿಲ ಚಿಲಕ ಎರಡು ಸಲ ನೋಡಿ ಬಂದೆ. ಹೆಂಗಸರು ಸೆರಗಿನಿಂದ ಕಣ್ಣೊರೆಸಿಕೊಂಡರು. ಆ ದಿನದಷ್ಟು ನಾನೆಂದೂ ಮಾತಾಡಿರಲಿಲ್ಲ.

ಚಿತ್ರ ಮುಗಿದು ವೈರು ಸುತ್ತುತ್ತಿದ್ದೆ. ಅದೇ ಅಜ್ಜಿ ಹತ್ತಿರ ಬಂದಳು.

“ಅಕ್ಕೋರ, ಆಕಿ ತಿಂದಿದ್ದು ಬ್ರೆಡ್. ಮುಂಜಾನಿ ಅನ್ನ ಯಾರದು?”

ನಾನು ವೈರನ್ನು ಇನ್ನೊಂದು ಸುತ್ತು ಸುತ್ತಿದೆ. ಅಜ್ಜಿ ಉತ್ತರಕ್ಕೆ ಕಾಯಲಿಲ್ಲ.

“ನಾಳಿ ನಮ್ಮನಿಗೆ ಊಟಕ್ಕ ಬರ್ರಿ. ಬಿಸಿ ರೊಟ್ಟಿ ಬಡೀತೀನಿ.”

“ಬರ್ತೀನಿ ಅಜ್ಜಿ,” ಎಂದೆ, ಈ ಸಲ ಆಕೆಯ ಪರವಾಗಿ ಅಲ್ಲ, ನನ್ನ ಪರವಾಗಿಯೇ.

ಅಜ್ಜಿ ಬಾಗಿಲ ತನಕ ಹೋಗಿ, ಏನೋ ನೆನಪಾಗಿ, ತಿರುಗಿ ನನ್ನ ಕಿವಿಯ ಹತ್ತಿರ ಬಂದಳು.

“ಬಿಟ್ಟ ಗಂಡ ತಿರುಗಿ ಬಂದಿದ್ರ ಅವನ್ನೂ ಕರಕೊಂಡ ಬರ್ರಿ. ನಾ ಬುದ್ಧಿ ಹೇಳ್ತೀನಿ.”