ನಲ್ಲಿಗೊಂದು ನಯವಾದ ಮಾತು

ಮೌನೇಶ ಬರೆದದ್ದು ಒಂದೇ ಸಾಲು: 'ನಮ್ಮ ಮನೆಯ ನಲ್ಲಿಯಲ್ಲಿ ನೀರು ಬರುತ್ತಿಲ್ಲ, ಬೇಗ ಸರಿಮಾಡಿಸಿ.'

ಬಾಯಲ್ಲೇ ಹೇಳಬಹುದಿತ್ತು. ಆದರೆ ಹೋದ ತಿಂಗಳು ತನ್ನ ರಾಯಚೂರಿನ ಧಾಟಿಯಲ್ಲಿ "ನೀರು ಬಿಡ್ರಿ" ಎಂದದ್ದಕ್ಕೆ ಮಾಲೀಕ ಬೋರಣ್ಣ, "ಏನ್ರೀ, ನನ್ಗೇ ಆರ್ಡರ್ ಮಾಡ್ತೀರ?" ಎಂದು ಮುನಿಸಿಕೊಂಡಿದ್ದರು. ರಾಗಿ ಬೆಳೆಯುತ್ತಿದ್ದ ಜಾಗದಲ್ಲಿ ಎಂಟು ಮನೆ ಕಟ್ಟಿಸಿದ ಸುದ್ದಗುಂಟೆಪಾಳ್ಯದ ದೊಡ್ಡ ಮನುಷ್ಯ. ನೋಯಿಸುವ ಹಾಗಿರಲಿಲ್ಲ.

ಮೇಲಿನ ಮಹಡಿಯಲ್ಲಿ ಹೆಂಡತಿ ಭಾಗ್ಯಜ್ಯೋತಿ ಗಡುವು ಕೊಟ್ಟಿದ್ದಳು: "ನಾಳೆ ಮುಂಜಾನೆ ನಮ್ಮವ್ವ ಬರ್ತಾಳ. ರಾತ್ರಿಯೆಲ್ಲ ಬಸ್ಸಿನಾಗ ಕುಂತು ಬಂದಾಕಿಗೆ ಜಳಕಕ್ಕ ನೀರಿಲ್ಲಂದ್ರ ನನ್ನ ಮಾನ ಹೋಗ್ತೈತಿ."

ಮೆಟ್ಟಿಲಲ್ಲಿ ನಿವೃತ್ತ ಕನ್ನಡ ಮೇಷ್ಟ್ರು ಶಾಂತವೀರಪ್ಪ ಸಿಕ್ಕರು. ಮೂವತ್ತು ವರ್ಷ ಮಕ್ಕಳಿಂದ ಗೆರೆ ಎಳೆದ ಪದಕ್ಕೆ ಸಮಾನಾರ್ಥಕ ಬರೆಸಿದ ಕೈ ಸುಮ್ಮನಿದ್ದೀತೆ? "ಏನಪ್ಪಾ ಇದು, ಸಪ್ಪೆ ಸಾರಿದ್ದಂಗಿದೆ!" ಎಂದು ಪೆನ್ನು ತೆಗೆದರು. ಮನೆ ಗೃಹವಾಯಿತು, ನೀರು ಜಲವಾಯಿತು, ಬೇಗ ಶೀಘ್ರವಾಯಿತು.

ಕೆಳಮನೆಯ ಉಮಾಶ್ರೀ ವಾರ್ಡಿನ ರಾಜ್ಯೋತ್ಸವದ ನಿರೂಪಕಿ. ಅವಳೂ ಚೀಟಿ ಕಸಿದುಕೊಂಡಳು. "ಜಲ ಸಾಲಲ್ಲ ಸಾರ್, ಜೀವಜಲ ಅನ್ನಿ. 'ಬರುತ್ತಿಲ್ಲ' ಅಂದ್ರೆ ಜಗಳಕ್ಕೆ ಬಂದಂಗಿರತ್ತೆ. 'ದರ್ಶನವೀಯುತ್ತಿಲ್ಲ' ಅಂತ ಹಾಕಿ."

ಮೌನೇಶ ಹೊಸ ಹಾಳೆಯಲ್ಲಿ ನಕಲು ತೆಗೆದ: 'ನಮ್ಮ ಗೃಹದ ನಲ್ಲಿಯಲ್ಲಿ ಜೀವಜಲವು ದರ್ಶನವೀಯುತ್ತಿಲ್ಲ; ಶೀಘ್ರವೇ ಕೃಪೆದೋರಬೇಕು.' ಗಟ್ಟಿಯಾಗಿ ಎರಡು ಸಲ ಓದಿದ. ಇಷ್ಟಕ್ಕೂ ಕರಗದಿದ್ದರೆ ಅದು ಮನುಷ್ಯನ ಎದೆಯೇ ಅಲ್ಲ ಎಂದು ಖಾತ್ರಿಯಾಯಿತು.

ಬೋರಣ್ಣ ಕರಗಿದರು. ಎಂದೂ ಕೂರಿಸದವರು ಕುರ್ಚಿ ಎಳೆದರು, ಕಾಫಿ ತರಿಸಿದರು.

"ಸಖತ್ತಾಗಿದೆ ಸಾರ್! ನೀರಿಲ್ಲ ಅಂದ್ರೂ ಕೋಪಾನೇ ಬರಲ್ಲ ನೋಡಿ. ಬೆಳಿಗ್ಗೆಯಿಂದ ಇಂಥೋರ್ನೇ ಹುಡುಕ್ತಿದ್ದೆ."

"ಯಾಕ್ರಿ?"

"ಬೋರ್‌ವೆಲ್ ಮೋಟಾರ್ ಸುಟ್ಟೋಗಿದೆ. ಟ್ಯಾಂಕ್ ತಳದಲ್ಲಿರೋದು ಕೆಳಗಿನ ಮನೆಗಳಿಗಷ್ಟೇ ಬರ್ತಿದೆ, ಅದೂ ಸಂಜೆಗೆ ಖಾಲಿ. ಇನ್ನೊಂದ್ ವಾರ ಯಾರ್ ಮನೆಗೂ ನೀರಿಲ್ಲ. ನಾನ್ ಹೇಳಿದ್ರೆ ಮೈಮೇಲೆ ಬೀಳ್ತಾರೆ. ನೀವು ಇದೇ ತರ ನಯವಾಗಿ ಬರ್ದು ಎಂಟೂ ಬಾಗ್ಲಿಗೆ ಅಂಟಿಸ್ಬಿಡಿ. ಸಹಿ ನಿಮ್ಮದೇ ಇರ್ಲಿ."

ಕಾಫಿ ಕುಡಿದಾಗಿತ್ತು. ಮೌನೇಶ ಎಂಟು ಹಾಳೆ ಬರೆದು, ಸಹಿ ಹಾಕಿ, ಎಂಟೂ ಬಾಗಿಲಿಗೆ ಅಂಟಿಸಿದ.

ಸಂಜೆ ಖಾಲಿ ಬಕೆಟ್ ಹಿಡಿದು ಮೊದಲು ಮೇಲೆ ಹತ್ತಿ ಬಂದವರು ಮೇಷ್ಟ್ರು, ಹಿಂದೆಯೇ ಉಮಾಶ್ರೀ. "ನೀರಿಲ್ಲ ಅಂತ ನೆಟ್ಟಗೆ ಬರೆಯೋಕೇನ್ರೀ ನಿಮ್ಗೆ? ಜೀವಜಲವಂತೆ, ದರ್ಶನವಂತೆ!" ಎಂದು ಮೇಷ್ಟ್ರು ಕೂಗಾಡಿದರು.

ಅವರೆಲ್ಲ ಇಳಿದು ಹೋದ ಮೇಲೆ ಭಾಗ್ಯಜ್ಯೋತಿ ತಮ್ಮ ಬಾಗಿಲಿನ ಹಾಳೆಯನ್ನು ನಿಧಾನವಾಗಿ, ಕೊನೆಯ ಸಹಿಯವರೆಗೂ ಓದಿದಳು.

"ಛಲೋ ಬರೆದೀರಿ. ನಾಳೆ ಅವ್ವಗೂ ಓದಿ ಹೇಳ್ರಿ, ಜಳಕದ ಬದ್ಲಿ."