ಮೂರನೇ ಭಾಗದ ಅಸಲಿ ಕ್ಲೈಮ್ಯಾಕ್ಸ್

ಕನ್ನಡಕದಂಗಡಿಯಲ್ಲಿ ಗಾಜು ಉಜ್ಜುವವನಿಗೆ ‘ಚಾಂಪಿಯನ್’ ಎಂಬ ಬಿರುದು ಬಂದು ಹತ್ತು ವರ್ಷವಾಗಿತ್ತು. ಹಗ್ಗ ಎಸೆದು ಕೋಟೆ ಹತ್ತುವ ಹುಡುಗಿಯ ವಿಡಿಯೋ ಗೇಮಿನ ಮೂರೂ ಭಾಗ ಮುಗಿಸಿದ ಏಕೈಕ ವೀರ ಅವನು. ನಿಜಕ್ಕೂ ಮುಗಿಸಿದ್ದು ಎರಡೇ. ಮೂರನೆಯದರ ಕೊನೆಯ ಸೇತುವೆಯಿಂದ ನೂರಾರು ಸಲ ಬಿದ್ದು ಸುಸ್ತಾಗಿ, ಕ್ಲೈಮ್ಯಾಕ್ಸನ್ನು ತಾನೇ ಹೆಣೆದಿದ್ದ: ನಾಯಕಿ ಕತ್ತಿ ಬಿಸಾಕಿ ರಾಕ್ಷಸನ ಕಣ್ಣೀರು ಒರೆಸುತ್ತಾಳೆ. ಅವನೇ ಅವಳ ಕಳೆದುಹೋದ ಅಣ್ಣ!

ಈ ಕತೆ ಕೇಳಿದಾಗಲೆಲ್ಲ ಅದೇ ಅಂಗಡಿಯಲ್ಲಿ ಕಣ್ಣು ಪರೀಕ್ಷಿಸುವ ಅಕ್ಕ ಅಳುತ್ತಿದ್ದಳು. ಅತ್ತು ಅತ್ತು ಗೇಮನ್ನೇ ಕೊಂಡು, ಇವತ್ತು ಊಟದ ಹೊತ್ತಿಗೆ ಹೊತ್ತು ತಂದಳು.

"ಹದಿನೈದು ದಿನ ಆಡಿ ಸೇತುವೆ ತನಕ ಬಂದಿದೀನಿ ಕಣೋ. ಅಣ್ಣ-ತಂಗಿ ಸೀನ್ ನೀನೇ ತೋರ್ಸು."

ಚಾಂಪಿಯನ್ ಮುಖ ಚಾರ್ಜು ಹೋದ ಮೊಬೈಲಿನಂತಾಯಿತು. ಓಡಿಹೋಗಿ ಹೆಬ್ಬೆರಳಿಗೆ ಬಟ್ಟೆ ಸುತ್ತಿಕೊಂಡು ಬಂದ.

"ಬೆರಳು ಉಳುಕಿದೆ ಅಕ್ಕಾ..."

"ಬಾಯಿ ಉಳುಕಿಲ್ವಲ್ಲ?" ಎಂದರು ಅಂಗಡಿಯ ಯಜಮಾನರು, ತೋಳು ಮಡಚಿ. "ನೀನು ಹೇಳು, ನಾನು ಒತ್ತುತೀನಿ."

ನಾಯಕಿ ಸತ್ತರೆ ಮಾನ ಉಳಿಯಿತು! "ಎಡಕ್ಕೆ ಹಾರಿ ಸಾರ್!" ಎಂದು ಪ್ರಪಾತ ತೋರಿಸಿದ. ಯಜಮಾನರು ಜನ್ಮದಲ್ಲಿ ಎಡ-ಬಲ ತಿಳಿದವರಲ್ಲ. ಬಲಕ್ಕೆ ಹಾರಿ ಸೇತುವೆ ದಾಟಿದರು. "ಬಗ್ಗಿ ಸಾರ್!" ಎಂದರೆ ಕುರ್ಚಿಯಲ್ಲಿ ತಾವೇ ಬಗ್ಗಿದರು. ಬೆರಳು ಜಾರಿ ಕತ್ತಿ ಬೀಸಿತು, ರಾಕ್ಷಸ ಮೂಟೆಯಂತೆ ಉರುಳಿದ. ನಾಯಕಿ ತಿರುಗಿಯೂ ನೋಡದೆ ನಿಧಿ ಎತ್ತಿಕೊಂಡು ಹೆಲಿಕಾಪ್ಟರ್ ಏರಿದಳು. ಶುಭಂ.

"ಅಣ್ಣ ಎಲ್ಲೋ?" ಅಕ್ಕ ಪರದೆಯ ಮೂಲೆಮೂಲೆ ಹುಡುಕಿದಳು.

ಚಾಂಪಿಯನ್ ಕೈಮುಗಿದ. "ಸುಳ್ಳು ಹೇಳಿದ್ದೆ ಅಕ್ಕಾ. ಮೂರನೇದು ನಾನು ಮುಗ್ಸೇ ಇಲ್ಲ."

ಅಕ್ಕ ಯಜಮಾನರತ್ತ ತಿರುಗಿದಳು. "ನೋಡಿ ಸಾರ್ ಇವನ ಮನಸ್ಸು! ಆ ಎದುರಿನ ಗೇಮ್ ಅಂಗಡಿಯೋನು ನಂಗೆ ಡೂಪ್ಲಿಕೇಟ್ ಕೊಟ್ಟಿದಾನೆ. ಅವನನ್ನ ಉಳ್ಸೋಕೆ ತಪ್ಪೆಲ್ಲ ತನ್ನ ತಲೆ ಮೇಲೆ ಹಾಕ್ಕೋತಿದಾನೆ!"

"ನಡಿಯೋ, ಸಾಕ್ಷಿ ಹೇಳು!" ಯಜಮಾನರು ಕಾಲರ್ ಹಿಡಿದು ರಸ್ತೆ ದಾಟಿಸಿದರು.

ಗೇಮ್ ಅಂಗಡಿಯವನು ಎಲ್ಲವನ್ನೂ ಕೇಳಿಸಿಕೊಂಡ. ಚಾಂಪಿಯನ್ ಕಣ್ಣಲ್ಲೇ ಬೇಡಿಕೊಂಡ: ದೇವರೇ, ನೀನಾದರೂ ನಿಜ ಹೇಳಿ ನನ್ನನ್ನು ಬಿಡಿಸು. ಅಂಗಡಿಯವನು ಯಜಮಾನರ ತೋಳು ನೋಡಿದ, ಅಕ್ಕನ ಒದ್ದೆ ಕಣ್ಣು ನೋಡಿದ.

"ಅಣ್ಣ-ತಂಗಿ ಕ್ಲೈಮ್ಯಾಕ್ಸಾ? ಅದೇ ಒರಿಜಿನಲ್ ಮೇಡಂ! ನಾನೂ ನೋಡಿ ಗಳಗಳ ಅತ್ತಿದೀನಿ. ನಾಳೆನೇ ತರಿಸ್ಕೊಡ್ತೀನಿ."

ಅಕ್ಕ ಚಾಂಪಿಯನ್ ಬೆನ್ನು ತಟ್ಟಿದಳು. "ನಾಳೆ ಮೊದಲಿಂದ ಕೊನೇವರ್ಗೂ ನೀನೇ ಆಡ್ಬೇಕು. ಇಡೀ ಬೀದಿನೇ ಕರೀತೀನಿ!"