ಕಂಪ್ಯೂಟರಿನ ಜೊತೆ ಚೌಕಾಸಿ

ಕೊಳ್ಳುವುದಕ್ಕೆ ಧೈರ್ಯ ಬೇಕು ಎನ್ನುವವರಿದ್ದಾರೆ. ಅವರು ಜನ್ಮದಲ್ಲಿ ಏನನ್ನೂ ಮಾರಿದವರಲ್ಲ ಎಂದು ನನ್ನ ಗುಮಾನಿ. ಕೊಳ್ಳುವುದರಲ್ಲಿ ಏನಿದೆ ಸ್ವಾಮಿ? ಜೇಬಿಗೆ ಕೈ ಹಾಕಿದರೆ ಮುಗಿಯಿತು. ಮಾರುವುದಿದೆಯಲ್ಲ, ಅದು ಕರುಳು ಹಿಂಡುವ ಕೆಲಸ. ಇವತ್ತು ಮಾರಿದರೆ ನಾಳೆ ರೇಟು ಏರಿ ನಮ್ಮನ್ನು ಅಣಕಿಸುತ್ತದೆ. ನಾಳೆ ನೋಡೋಣವೆಂದು ಕೂತರೆ ಇವತ್ತೇ ಮಾರಬೇಕಿತ್ತು ಅನ್ನಿಸುತ್ತದೆ. ನಮ್ಮ ಅಟ್ಟದ ಮೇಲೆ ಬಾಯಿ ಬಿಡದ ಒಂದು ರೇಡಿಯೋ ಇದೆ. ಗುಜರಿಯವನು ಬಂದಾಗಲೆಲ್ಲ ಅದನ್ನು ಕೆಳಗಿಳಿಸಿ, ಒರೆಸಿ, ತೋರಿಸಿ, ರೇಟು ಸಾಲದೆಂದು ಮತ್ತೆ ಮೇಲಕ್ಕೆ ಸೇರಿಸಿದ್ದೇನೆ. ಈಚೆಗೆ ಅವನು ನಮ್ಮ ಮನೆ ಹತ್ತಿರ ಬಂದಾಗ ಕೂಗುವುದನ್ನು ನಿಲ್ಲಿಸಿ, ದಾಟಿದ ಮೇಲೆ ಮತ್ತೆ ಶುರು ಮಾಡುತ್ತಾನೆ. ನನಗೆ ಅವಮಾನವಾಗುತ್ತದೆ, ಆದರೆ ರೇಡಿಯೋ ಮಾತ್ರ ಇನ್ನೂ ನಮ್ಮದೇ.

ರೇಡಿಯೋದ ವಿಷಯ ಬಿಡಿ, ಅದು ಅಟ್ಟದ ಮೇಲಿದೆ, ಯಾರ ಕಾಲಿಗೂ ಅಡ್ಡ ಬರುವುದಿಲ್ಲ. ನನ್ನ ಸಂಸಾರಕ್ಕೆ ಅಡ್ಡ ಬಂದದ್ದು ಕಾಫಿ ಚೀಲಗಳು. ನಾನು ಬೆಳಗೋಡಿನ ಹೈಸ್ಕೂಲಿನಲ್ಲಿ ಸಮಾಜ ಪಾಠ ಮಾಡುವ ಮೇಷ್ಟ್ರು. ಜೊತೆಗೆ ಒಂದು ಚೂರು ಕಾಫಿ ತೋಟವೂ ಇದೆ. ಎಸ್ಟೇಟ್ ಅನ್ನುವಷ್ಟು ದೊಡ್ಡದಲ್ಲ, ಇಲ್ಲ ಅನ್ನುವಷ್ಟು ಚಿಕ್ಕದೂ ಅಲ್ಲ. ದೊಡ್ಡವರಿಗೆ ಕಾಫಿ ಇಡಲು ಸ್ಟೋರ್ ಇರುತ್ತದೆ. ನಮ್ಮಂಥವರಿಗೆ ಮನೆಯ ಪಕ್ಕದ ಕೋಣೆಯೇ ಸ್ಟೋರು. ಒಂದು ಕಾಲದಲ್ಲಿ ಕಾಫಿ ರೇಟು ಆಕಾಶಕ್ಕೆ ಹೋಗಿತ್ತು. ಆಗ ಮಾರಿದವರು ಜೀಪು ತೆಗೆದುಕೊಂಡರು. ನಾನು ಇನ್ನೂ ಸ್ವಲ್ಪ ಏರಲಿ ಎಂದು ಕಾದೆ. ಆಮೇಲೆ ಅದು ಇಳಿದದ್ದು ಇಳಿದದ್ದೇ. ಹೋದದ್ದು ಬಂದೇ ಬರುತ್ತದೆಂದು ಆ ವರ್ಷದ ಚೀಲ, ಅದರ ಮುಂದಿನ ವರ್ಷದ ಚೀಲ ಎಲ್ಲವನ್ನೂ ಆ ಕೋಣೆಯಲ್ಲಿ ಸೂರು ಮುಟ್ಟುವಂತೆ ಪೇರಿಸಿಟ್ಟೆ.

ಆ ಚೀಲಗಳ ಹಿಂದೆ, ಗೋಡೆಗೆ ಒತ್ತಿಕೊಂಡು, ನನ್ನ ಹೆಂಡತಿ ಗಿರಿಜಳ ಹೊಲಿಗೆ ಮಿಷಿನ್ನು ಇತ್ತು. ಅವಳು ಆಲೂರಿನ ಕಡೆ ಮಗ್ಗೆಯವಳು. ತವರಿನಲ್ಲಿದ್ದಾಗ ಊರಿಗೆಲ್ಲ ರವಿಕೆ ಹೊಲಿದುಕೊಟ್ಟವಳು. ಮದುವೆಯಾಗಿ ಬರುವಾಗ ಮಿಷಿನ್ನನ್ನೂ ಕರೆದುಕೊಂಡು ಬಂದಳು. ಈಗ ಸುತ್ತಮುತ್ತಲ ಹೆಂಗಸರು ಬಟ್ಟೆ ಹಿಡಿದುಕೊಂಡು ಬಂದು ಕೇಳುತ್ತಿದ್ದರು, ಅವಳು ಕೋಣೆಯ ಬಾಗಿಲು ತೆರೆದು ತೋರಿಸಿ ವಾಪಸ್ ಕಳಿಸುತ್ತಿದ್ದಳು. "ನೋಡು, ಆ ಚೀಲದ ಗುಡ್ಡದ ಹಿಂದೆ ಐತೆ. ನಿನ್ ಕೈಗೆ ಸಿಕ್ಕಿದ್ರೆ ತಗಂಡ್ ಬಾ, ಈಗ್ಲೇ ಹೊಲ್ಕೊಡ್ತೀನಿ," ಎಂದು ನನಗೆ ಕೇಳುವ ಹಾಗೆ ಹೇಳುತ್ತಿದ್ದಳು. ನಾನು ಕೇಳದವನ ಹಾಗೆ ಪೇಪರಿನ ಕಾಫಿ ರೇಟು ನೋಡುತ್ತಿದ್ದೆ.

ನಾನು ಮಾರುವ ಪ್ರಯತ್ನವನ್ನೇ ಮಾಡಲಿಲ್ಲವೆಂದು ತಿಳಿಯಬೇಡಿ. ನಮ್ಮ ಕಡೆ ಕಾಫಿ ಮಾರುವುದಕ್ಕೊಂದು ಕ್ರಮವಿದೆ. ಸಕಲೇಶಪುರದ ವ್ಯಾಪಾರಿ ಮಲ್ಲೇಶಣ್ಣನ ಅಂಗಡಿಗೆ ಸ್ಯಾಂಪಲ್ ಒಯ್ಯಬೇಕು. ಅವನು ಒಂದು ಹಿಡಿ ತೆಗೆದು, ಮೂಸಿ, ಒಂದು ಕಾಳನ್ನು ಹಲ್ಲಿಗೆ ಕೊಟ್ಟು, ಯಾರೋ ತೀರಿಕೊಂಡ ಸುದ್ದಿ ಬಂದಂತೆ ಮುಖ ಮಾಡುತ್ತಾನೆ. ಒಂದು ರೇಟು ಹೇಳುತ್ತಾನೆ. ನಾವು ಅದಕ್ಕಿಂತ ಎಷ್ಟೋ ಮೇಲಿನದನ್ನು ಹೇಳಬೇಕು. ಅವನ ರೇಟಿಗೆ ನಾವು ಕೊಡುವುದಿಲ್ಲವೆಂದು ಅವನಿಗೆ ಗೊತ್ತು, ನಮ್ಮ ರೇಟು ಅವನು ಕೊಡುವುದಿಲ್ಲವೆಂದು ನಮಗೆ ಗೊತ್ತು. ಕಾಫಿ ಬರುತ್ತದೆ, ಕುಡಿಯುತ್ತೇವೆ. ಆಮೇಲೆ ಮುಖ್ಯವಾದ ಘಟ್ಟ. "ಹಂಗಾರೆ ಬ್ಯಾಡ ಬಿಡಿ" ಎಂದು ಎದ್ದು ಬಾಗಿಲಿಗೆ ನಡೆಯಬೇಕು. ಜೋರಾಗಿ ನಡೆದರೆ ಕೆಟ್ಟಿತು. ಚಪ್ಪಲಿ ಕಣ್ಣೆದುರಿಗೇ ಇದ್ದರೂ ಹುಡುಕುತ್ತ ನಿಲ್ಲಬೇಕು. ಆಗ ಒಳಗಿನಿಂದ, "ಬನ್ನಿ ಮೇಷ್ಟ್ರೇ, ಕೂತ್ಕಳಿ, ಸಿಟ್ಟು ಯಾಕೆ ಮಾರಾಯ್ರೆ" ಎಂದು ಕರೆ ಬರುತ್ತದೆ. ಅಲ್ಲಿಗೆ ವ್ಯಾಪಾರ ಕುದುರಿತು ಎಂದರ್ಥ. ಇಷ್ಟೂ ವಿದ್ಯೆ ನನಗೆ ಕರತಲಾಮಲಕ. ತೊಂದರೆಯೆಂದರೆ, ಅವನು ಕರೆದು ಕೂರಿಸಿದ ಮೇಲೂ ನನ್ನ ಬಾಯಿಂದ "ಆಯ್ತು" ಎಂಬ ಮಾತು ಹೊರಡುವುದಿಲ್ಲ. "ನಾಳೆ ನೋಡಾಣ" ಎಂದು ಬಸ್ಸು ಹತ್ತುತ್ತೇನೆ.

ಹೀಗಿರುವಾಗ ಸಕಲೇಶಪುರದಲ್ಲಿ ಲೋಕೇಶ ಎಂಬವನು ತನ್ನ ಎಸ್‌ಟಿಡಿ ಬೂತನ್ನು ಸೈಬರ್ ಸೆಂಟರ್ ಮಾಡಿದ. ಹೊಸದಾಗಿ ಬಂದದ್ದು ಏನೇ ಇದ್ದರೂ ಮೂಗು ತೂರಿಸುವುದು ನನ್ನ ಜಾಯಮಾನ. ಅಲ್ಲಿ ಅವನು ನನಗೊಂದು ಆಟ ತೋರಿಸಿದ. ಷೇರು ಪೇಟೆಯ ಆಟ. ರೇಟುಗಳೆಲ್ಲ ನಿಜವಾದ ಪೇಟೆಯವು, ದುಡ್ಡು ಮಾತ್ರ ಸುಳ್ಳು. ಸುಳ್ಳು ದುಡ್ಡನ್ನು ಅವರೇ ಕೊಡುತ್ತಾರೆ. ನಾವು ನಮಗೆ ಬೇಕಾದ ಕಂಪನಿಯ ಷೇರು ಕೊಂಡು, ತಿಂಗಳ ಕೊನೆಯ ಶುಕ್ರವಾರ ಪೇಟೆ ಮುಚ್ಚುವುದರೊಳಗೆ ಎಲ್ಲವನ್ನೂ ಮಾರಿ ಮುಗಿಸಬೇಕು. ಆಗ ಕೈಯಲ್ಲಿರುವ ನಗದು ಅವರು ಕೊಟ್ಟದ್ದಕ್ಕಿಂತ ಹೆಚ್ಚಿದ್ದರೆ ಗೆದ್ದಂತೆ. ಮಾರದೆ ಉಳಿದ ಷೇರು ಲೆಕ್ಕಕ್ಕಿಲ್ಲ. ನಾನು ಉಬ್ಬಿಹೋದೆ. ಮನೆಗೆ ಬಂದು, "ನನಗೆ ಮಾರಕ್ಕೆ ಬರಲ್ಲ ಅಂತೀಯಲ್ಲ, ಈಗ ನೋಡು" ಎಂದು ಗಿರಿಜಳಿಗೆ ಎಲ್ಲವನ್ನೂ ವಿವರಿಸಿದೆ.

ಅವಳು ಅವರೆಕಾಯಿ ಸುಲಿಯುತ್ತ ಪೂರ್ತಿ ಕೇಳಿಸಿಕೊಂಡಳು. "ಸರಿ ಕಣ್ರೀ. ಆ ಆಟದಲ್ಲಿ ಗೆದ್ರೆ, ಚೀಲ ಯಾವಾಗ ಮಾರ್ಬೇಕು ಅನ್ನೋದು ನಿಮ್ಗೆ ಬಿಟ್ಟಿದ್ದು, ನಾನು ಸೊಲ್ಲೆತ್ತಲ್ಲ. ಸೋತ್ರೆ ನಾನು ಮಾರ್ತೀನಿ, ನೀವು ತುಟಿ ಪಿಟಕ್ ಅನ್ನಂಗಿಲ್ಲ." ನಾನು ಒಪ್ಪಿಕೊಂಡೆ.

ಕೊಳ್ಳುವುದು ಒಂದು ಮಧ್ಯಾಹ್ನದಲ್ಲಿ ಮುಗಿಯಿತು. ಸಿಮೆಂಟು, ಟಯರು, ಬಿಸ್ಕತ್ತು, ಒಂದು ಬ್ಯಾಂಕು, ಊರಿನ ಅಭಿಮಾನಕ್ಕೆಂದು ಒಂದು ಕಾಫಿ ಕಂಪನಿ. ಅವತ್ತು ಬಸ್ಸಿನಲ್ಲಿ ಮರಳುವಾಗ ಒಬ್ಬ ಬಿಸ್ಕತ್ತು ತಿನ್ನುತ್ತಿದ್ದ. ಅದು ನನ್ನ ಕಂಪನಿಯ ಬಿಸ್ಕತ್ತೆಂದು ಗೊತ್ತಾಗಿ ಅವನ ಮೇಲೆ ಪ್ರೀತಿ ಉಕ್ಕಿತು. ಆದರೆ ಆಮೇಲಿನ ದಿನಗಳನ್ನು ಹೇಗೆ ಹೇಳಲಿ? ಕೂತಲ್ಲಿ ಕೂರಲಾರೆ, ನಿಂತಲ್ಲಿ ನಿಲ್ಲಲಾರೆ. ಕ್ಲಾಸಿನಲ್ಲಿ ಅಶೋಕನ ಶಾಸನಗಳನ್ನು ಹೇಳುತ್ತ ಹೇಳುತ್ತ ಟಯರಿನ ಗತಿ ಏನಾಯಿತೋ ಎಂದು ಕಿಟಕಿಯಾಚೆ ನೋಡುತ್ತಿದ್ದೆ. ಶಾಲೆ ಬಿಟ್ಟ ಕೂಡಲೇ ಸಕಲೇಶಪುರದ ಬಸ್ಸಿಗೆ ಓಟ. ಅಲ್ಲಿ ಹೋದರೆ ಕರೆಂಟಿಲ್ಲ. ಕರೆಂಟಿದ್ದರೆ ಫೋನಿನ ಲೈನಿಲ್ಲ. ಎರಡೂ ಇದ್ದ ದಿನ ಆ ಪುಟ ತೆರೆದುಕೊಳ್ಳುವಷ್ಟರಲ್ಲಿ ನನ್ನ ಕೊನೆಯ ಬಸ್ಸು ಹಾರ್ನ್ ಹೊಡೆಯುತ್ತಿತ್ತು. ಏರಿದ್ದರೆ ಇಳಿದೀತೆಂದು ಭಯ, ಇಳಿದಿದ್ದರೆ ಇನ್ನೂ ಇಳಿದೀತೆಂದು ಭಯ. ಸುಳ್ಳು ದುಡ್ಡಿಗೆ ನಿಜವಾದ ಊಟ ಸೇರದಂತಾಯಿತು. ಗಿರಿಜ ಮಾತ್ರ ಆರಾಮಾಗಿ ರವಿಕೆ ಬಟ್ಟೆಗಳನ್ನು ಒಪ್ಪಿಕೊಂಡು ಮಂಚದ ಮೇಲೆ ಒಟ್ಟುತ್ತಿದ್ದಳು. ಅದನ್ನು ನೋಡಿದಾಗಲೆಲ್ಲ ನನಗೆ ಮೈ ಉರಿಯುತ್ತಿತ್ತು.

ಕೊನೆಯ ಶುಕ್ರವಾರ ಅರ್ಧ ದಿನ ರಜೆ ಹಾಕಿ ಹೋದೆ. ದೇವರು ದೊಡ್ಡವನು, ಕರೆಂಟಿತ್ತು, ಲೈನಿತ್ತು. ನನ್ನ ಷೇರುಗಳು ಒಟ್ಟಾರೆ ಮೇಲಿದ್ದವು. ಲೋಕೇಶ ನನಗಿಂತ ಸಂಭ್ರಮಪಟ್ಟ. "ಮೇಷ್ಟ್ರೇ, ಈಗ ಮಾರ್ಬುಟ್ರೆ ಗೆದ್ದಂಗೇಯ. ಇಲ್ಲಿ ಮಾರ್ಕೆಟ್ ರೇಟು ಅಂತ ಐತಲ್ಲ, ಅದನ್ನ ಒತ್ತಿ, ಮುಗೀತು."

ಒತ್ತುವುದೇ? ಅವರು ತೋರಿಸಿದ ರೇಟಿಗೆ ಕಣ್ಣು ಮುಚ್ಚಿ ಕೊಟ್ಟುಬಿಡುವುದೇ? ಹಾಗೆ ಯಾರಾದರೂ ಮಾರುತ್ತಾರೆಯೇ? ಪಕ್ಕದಲ್ಲೇ ನಮ್ಮ ರೇಟು ಬರೆಯಲು ಒಂದು ಖಾಲಿ ಜಾಗವಿತ್ತು. ನಾನು ಪ್ರತಿಯೊಂದಕ್ಕೂ ಪೇಟೆಯದಕ್ಕಿಂತ ಚೆನ್ನಾಗಿ ಏರಿಸಿಯೇ ಬರೆದೆ. ಅಷ್ಟು ಸಿಗುವುದಿಲ್ಲವೆಂದು ನನಗೂ ಗೊತ್ತಿತ್ತು. ಆದರೆ ಅವರು ಕೆಳಗೆಳೆಯುವುದಕ್ಕೆ ಜಾಗ ಬಿಡಬೇಕಲ್ಲ! ಪರದೆಯ ಮೇಲೆ ಎಲ್ಲದರ ಮುಂದೆಯೂ 'ಪೆಂಡಿಂಗ್' ಎಂದು ಬಂತು. ಯೋಚನೆ ಮಾಡುತ್ತಿದ್ದಾರೆ ಎಂದುಕೊಂಡೆ. ಸ್ವಲ್ಪ ಹೊತ್ತು ಬಿಟ್ಟು ಒಂದಿಷ್ಟು ಇಳಿಸಿದೆ. ಪೆಂಡಿಂಗ್. ಇನ್ನೊಂದಿಷ್ಟು ಇಳಿಸಿದೆ. ಮತ್ತೆ ಪೆಂಡಿಂಗ್. ಅತ್ತ ಕಡೆಯಿಂದ ಒಂದು ಮಾತಿಲ್ಲ, ಕತೆಯಿಲ್ಲ. "ಅಯ್ಯೋ, ಅದು ಯಾರ್ ಜೊತೇಲೂ ಮಾತಾಡಲ್ಲ ಮೇಷ್ಟ್ರೇ" ಎಂದು ಲೋಕೇಶ ಕೈಕೈ ಹಿಸುಕಿಕೊಂಡ. ನನಗೋ ಮಲ್ಲೇಶಣ್ಣನೇ ಆ ಪೆಟ್ಟಿಗೆಯೊಳಗೆ ಮುಖ ಸಿಂಡರಿಸಿಕೊಂಡು ಕೂತಿದ್ದಾನೆ ಎಂಬ ಭಾವನೆ ಬಂದುಬಿಟ್ಟಿತ್ತು. ರೇಗಿಹೋಯಿತು. ನನ್ನ ಬತ್ತಳಿಕೆಯಲ್ಲಿ ಉಳಿದದ್ದು ಒಂದೇ ಅಸ್ತ್ರ.

"ಹಂಗಾರೆ ಬ್ಯಾಡ ಬಿಡು" ಎಂದು ಎದ್ದೆ.

ಹೌದು ಸ್ವಾಮಿ, ಎದ್ದೆ. ಬಾಗಿಲಿನಲ್ಲಿ ಚಪ್ಪಲಿ ಹುಡುಕುತ್ತ ನಿಂತೆ. ಯಾರೂ ಕರೆಯಲಿಲ್ಲ. ಲೋಕೇಶ ಕರೆದ, ನಿಜ. ಅವನು ಕೊಳ್ಳುವವನಲ್ಲವಲ್ಲ, ಅವನ ಕರೆಗೆ ಬೆಲೆಯಿಲ್ಲ. ಎದುರಿನ ಹೋಟೆಲಿಗೆ ಹೋಗಿ ಕಾಫಿಗೆ ಹೇಳಿದೆ. ಇವನಿಗೇನು ಗರಜಿಲ್ಲ ಎಂದು ಅವರಿಗೆ ಗೊತ್ತಾಗಲೆಂದು ನಿಧಾನವಾಗಿ, ತಟ್ಟೆಗೆ ಬಗ್ಗಿಸಿಕೊಂಡು, ಊದಿ ಊದಿ ಕುಡಿದೆ. ವಾಪಸ್ ಬಂದಾಗ ಲೋಕೇಶ ತಲೆ ಮೇಲೆ ಕೈ ಹೊತ್ತು ಕೂತಿದ್ದ. ಪೇಟೆ ಮುಚ್ಚಿತ್ತು. ಸಿಮೆಂಟು, ಟಯರು, ಬಿಸ್ಕತ್ತು ಎಲ್ಲವೂ ನನ್ನ ಹತ್ತಿರವೇ ಭದ್ರವಾಗಿದ್ದವು, ನಗದಿನ ಜಾಗದಲ್ಲಿ ಪುಡಿಗಾಸು. "ಏನ್ ಮಾರಾಯ್ರೆ ನೀವು! ಗೆದ್ದಿದ್ದನ್ನ ಕಾಫಿ ಕುಡ್ದು ಕಳ್ಕಂಡ್ಬುಟ್ರಲ್ಲ!" ಎಂದ. ನನಗೆ ಅಳು ಬರುವುದೊಂದು ಬಾಕಿ.

ಬಸ್ಸಿನಲ್ಲಿ ದಾರಿಯುದ್ದಕ್ಕೂ ಗಿರಿಜಳಿಗೆ ಏನು ಹೇಳುವುದೆಂದು ಉರು ಹೊಡೆದೆ. ಲೈನು ಹೋಯಿತು ಎನ್ನಲೇ, ಕರೆಂಟು ಕೈ ಕೊಟ್ಟಿತು ಎನ್ನಲೇ? ಮನೆಯ ಹತ್ತಿರ ಬಂದರೆ ಅಂಗಳದಲ್ಲಿ ಮಲ್ಲೇಶಣ್ಣನ ಜೀಪು ನಿಂತಿದೆ! ಜಗುಲಿಯಲ್ಲಿ ಒಂದು ಚೀಲದ ಬಾಯಿ ಬಿಚ್ಚಿದೆ. ಅವನು ಎಂದಿನಂತೆ ಕಾಳು ಕಚ್ಚಿ, ಎಂದಿನ ಮುಖ ಮಾಡಿ ಕೂತಿದ್ದಾನೆ. ನಾನು ಗಿರಿಜಳನ್ನು ಒಳಕ್ಕೆ ಕರೆದೆ. "ಏನೇ ಇದು? ಆಟ ಏನಾಯ್ತು ಅಂತನೂ ಕೇಳ್ದೆ ಕರೆಸ್ಬುಟ್ಯಾ? ನಾನು ಗೆದ್ದಿದ್ರೆ?"

"ಗೆಲ್ಬೇಕು ಅಂದ್ರೆ ಮಾರ್ಬೇಕಿತ್ತು ತಾನೆ? ಮಾರಕ್ಕೆ ಹೋಗಿದ್ದು ನೀವು ಕಣ್ರೀ," ಎಂದಳು. "ಅದ್ಕೇ ಬೆಳಿಗ್ಗೇನೆ ಹೇಳಿ ಕಳ್ಸಿದ್ದೆ."

ಅವಳು ಹೊರಗೆ ಹೋಗಿ ತನ್ನ ರೇಟು ಹೇಳಿದಳು. ಒಂದೇ ಸಲ. ಮಲ್ಲೇಶಣ್ಣ ನಕ್ಕ, ತೇವ ಎಂದ, ಹಳೆ ಮಾಲು ಎಂದ, ಪೇಟೆ ಬಿದ್ದಿದೆ ಎಂದ. ಅವಳು ಬಾಗಿಲಿಗೆ ಒರಗಿ ನಿಂತೇ ಇದ್ದಳು. ಕೊನೆಗೆ ಅವನು, "ಹಂಗಾರೆ ಬ್ಯಾಡ ಬಿಡಿ ಅಕ್ಕಾರೆ" ಎಂದು ಎದ್ದು ಮೆಟ್ಟಿಲಿಳಿದು ಚಪ್ಪಲಿ ಹುಡುಕತೊಡಗಿದ. ನನಗೋ ಬನ್ನಿ ಮಲ್ಲೇಶಣ್ಣ, ಕೂತ್ಕಳಿ ಎಂದು ಕೂಗಲು ನಾಲಗೆ ತುದಿ ತುರಿಸಿತು. ತುಟಿ ಪಿಟಕ್ ಎನ್ನುವಂತಿರಲಿಲ್ಲವಲ್ಲ, ಕಚ್ಚಿ ಹಿಡಿದೆ. ಅವಳೋ ಅವನು ಹೋದನೋ ಇದ್ದಾನೋ ಎಂದೂ ನೋಡದೆ, ಒಳಗೆ ಹೋಗಿ ಒಲೆಯ ಮೇಲಿನ ಹಾಲು ನೋಡಿದಳು. ಮಲ್ಲೇಶಣ್ಣ ಜೀಪಿನವರೆಗೂ ಹೋದ. ಜೀಪಿನ ಬಾಗಿಲು ತೆರೆದ, ಮುಚ್ಚಿದ. ಆಮೇಲೆ ತಾನೇ ಬಂದು ಜಗುಲಿಯಲ್ಲಿ ಕೂತು, "ಎಂಥಾ ಹೆಂಗಸು ಮಾರಾಯ್ರೆ! ಆಯ್ತು, ತೂಕ ಹಾಕ್ಸಿ" ಎಂದು ನನಗೆ ಹೇಳಿದ.

ಚೀಲಗಳು ಹೋದ ಮೇಲೆ ಆ ಕೋಣೆಗೆ ಕಿಟಕಿಯೊಂದು ಇತ್ತೆಂದು ನನಗೆ ನೆನಪಾಯಿತು. ಮಿಷಿನ್ನಿನ ಡ್ರಾಯರಿನಲ್ಲಿ ಇಲಿಯೊಂದು ಬಣ್ಣಬಣ್ಣದ ದಾರದಲ್ಲಿ ಗೂಡು ಕಟ್ಟಿತ್ತು. ಗಿರಿಜ ಅದನ್ನು ಗುಡಿಸಿ, ಎಣ್ಣೆ ಬಿಟ್ಟು, ಬೆಲ್ಟು ಬಿಗಿದು ತುಳಿಯಲು ಕೂತಳು. ಅವಳ ಮುಖದಲ್ಲಿ ಅಂಥ ಖುಷಿ ನೋಡಿ ಬಹಳ ಕಾಲವಾಗಿತ್ತು. ನಾನು ಸಂತೋಷಪಟ್ಟೆ, ನಿಜವಾಗಿಯೂ ಪಟ್ಟೆ. ಆದರೂ ಚಾಳಿ ಬಿಡಬೇಕಲ್ಲ, ಮಾರಲು ಒಂದು ಕಾಳಿಲ್ಲದಿದ್ದರೂ ಪೇಪರಿನಲ್ಲಿ ಕಾಫಿ ರೇಟು ನೋಡುತ್ತಲೇ ಇದ್ದೆ. ಒಂದು ದಿನ ಸ್ವಲ್ಪ ಏರಿತ್ತು. ಓಡಿಹೋಗಿ ತೋರಿಸಿದೆ. "ಹೌದಾ? ಕೆಂಪು ದಾರ ಮುಗ್ದೈತೆ, ಪೇಟೆ ಕಡೆ ಹೋದ್ರೆ ತನ್ನಿ" ಎಂದಳು. ಮುಂದಿನ ವಾರ ಇಳಿಯಿತು. ಅದನ್ನು ನಾನು ತೋರಿಸಲಿಲ್ಲ.

ಮೊನ್ನೆ ನನ್ನ ಪ್ಯಾಂಟಿನ ಹೊಲಿಗೆ ಬಿಟ್ಟಿತ್ತು, ಸ್ಕೂಲಿಗೆ ಹಾಕಿಕೊಂಡು ಹೋಗಲು ಇರುವ ಒಳ್ಳೆಯ ಪ್ಯಾಂಟು ಅದೊಂದೇ. ಅವಳ ಮುಂದೆ ಹಿಡಿದೆ. ಊರವರಿಗೆ ಹೇಳುವ ರೇಟನ್ನೇ ನನಗೂ ಹೇಳಿದಳು. ಕಟ್ಟಿಕೊಂಡ ಗಂಡನಿಗೂ ರೇಟೇ? ನಾನು ಅರ್ಧಕ್ಕೆ ಕೇಳಿದೆ. ಅವಳು ಮಾತಾಡಲಿಲ್ಲ, ತುಳಿಯುತ್ತಲೇ ಇದ್ದಳು. ಇನ್ನೂ ಸ್ವಲ್ಪ ಏರಿಸಿ ಕೇಳಿದೆ. ಮಾತಿಲ್ಲ. ಲೋಕೇಶನ ಅಂಗಡಿಯ ಆ ಪೆಟ್ಟಿಗೆಯೂ ಹೀಗೆಯೇ ಇತ್ತಲ್ಲ ಎಂದು ಆಗ ಹೊಳೆಯಿತು. ಅಂಥದೊಂದರ ಜೊತೆ ಇಷ್ಟು ವರ್ಷ ಸಂಸಾರ ಮಾಡಿದವನು ನಾನು, ಆದರೂ ಬುದ್ಧಿ ಬಂದಿರಲಿಲ್ಲ ನೋಡಿ. ರೇಗಿ, "ಹಂಗಾರೆ ಬ್ಯಾಡ ಬಿಡು" ಎಂದು ಪ್ಯಾಂಟನ್ನು ಅಲ್ಲೇ ಹೊಲಿಯಲು ಬಂದ ಬಟ್ಟೆಗಳ ಬುಟ್ಟಿಗೆ ಎಸೆದು, ಬಾಗಿಲಿನಲ್ಲಿ ಬಹಳ ಹೊತ್ತು ಚಪ್ಪಲಿ ಹುಡುಕಿದೆ.

ವಾರವಾಯಿತು. ನಾನು ಹಳೆಯ ಪ್ಯಾಂಟಿನಲ್ಲೇ ಸ್ಕೂಲಿಗೆ ಹೋಗುತ್ತಿದ್ದೇನೆ. ಒಳ್ಳೆಯದು ಇನ್ನೂ ಆ ಬುಟ್ಟಿಯಲ್ಲಿ ಪೆಂಡಿಂಗ್ ಇದೆ.